ಒಣ ಕಲ್ಲಿಗೆ ಮಷಿನ್ ಹಚ್ಚಬೇಡಿ

ಕಲಬುರಗಿ ಆಕಾಶವಾಣಿಯ ಕೇಳುಗರಿಗೆ ನಮಸ್ಕಾರ. ಶಹಾಬಾದ್, ಚಿತ್ತಾಪುರ, ಸೇಡಂ ಕಡೆ ಪರ್ಸಿ ಕಲ್ಲಿನ ಖಣಿಯಲ್ಲಿ ದುಡಿಯುವವರು, ಯಾದಗಿರಿ, ಶಹಾಪುರ, ಸುರಪುರದ ಕ್ರಷರ್‌ಗಳಲ್ಲಿ ಇರುವವರು, ಊರೂರು ತಿರುಗಿ ಮನೆಗಳಿಗೆ ನೆಲಹಾಸು ಕೂಡಿಸುವ ಮೇಸ್ತ್ರಿಗಳು, ಇವರೆಲ್ಲ ಈಗ ರೇಡಿಯೊ ಹತ್ತಿರ ಇದ್ದೀರಿ ಎಂದುಕೊಂಡೇ ಮಾತಾಡುತ್ತೇನೆ. ಕೈಗಾರಿಕೆಯ ಅಪಾಯಗಳು ಮತ್ತು ಕಾರ್ಮಿಕರ ಆರೋಗ್ಯದ ಇತಿಹಾಸ ಅಂತ ದೊಡ್ಡ ವಿಷಯ ಕೊಟ್ಟಿದ್ದಾರೆ. ಸೀಸ, ಪಾದರಸ, ಕಲ್ನಾರು, ಕಿವಿ ಕೆಡಿಸುವ ಸದ್ದು, ಎಲ್ಲವೂ ಅದರಲ್ಲಿ ಬರುತ್ತವೆ. ನಾನು ಒಂದನ್ನೇ ಹಿಡಿಯುತ್ತೇನೆ, ಕಲ್ಲಿನ ಧೂಳು. ಹೇಳುವ ಮಾತೂ ಒಂದೇ. ಒಣ ಕಲ್ಲಿಗೆ ಮಷಿನ್ ಹಚ್ಚಬೇಡಿ. ಮೊದಲು ನೀರು, ಆಮೇಲೆ ಮಷಿನ್.

ಧೂಳು ಅಂದರೆ ನಿಮಗೆ ಯಾವುದು ನೆನಪಾಗುತ್ತದೆ? ಹುಬ್ಬಿನ ಮೇಲೆ ಕೂತದ್ದು, ಮೂಗಿನಲ್ಲಿ ಕಟ್ಟಿದ್ದು, ಕ್ರಷರ್ ಪಕ್ಕದ ತೊಗರಿ ಗಿಡ ಬೆಳ್ಳಗಾದದ್ದು. ಅದು ಕಣ್ಣಿಗೆ ಕಾಣುವ ಧೂಳು. ಅದನ್ನು ಮೂಗು, ಗಂಟಲು ತಡೆಯುತ್ತವೆ, ಕೆಮ್ಮಿದರೆ, ಸೀನಿದರೆ ಹೊರಗೆ ಬರುತ್ತದೆ. ಕೊಲ್ಲುವ ಧೂಳು ಕಾಣುವುದೇ ಇಲ್ಲ. ನಮ್ಮ ತಲೆಗೂದಲು ಸುಮಾರು 70 ಮೈಕ್ರಾನ್ ದಪ್ಪ. ಮೈಕ್ರಾನ್ ಅಂದರೆ ಒಂದು ಮಿಲಿಮೀಟರಿನ ಸಾವಿರದಲ್ಲಿ ಒಂದು ಪಾಲು. ಶ್ವಾಸಕೋಶದ ತಳಕ್ಕೆ ಇಳಿಯುವ ಕಣ 5 ಮೈಕ್ರಾನ್‌ಗಿಂತ ಸಣ್ಣದು. ಮಷಿನ್ ನಿಂತ ಮೇಲೂ ಗಂಟೆಗಟ್ಟಲೆ ಗಾಳಿಯಲ್ಲಿ ತೇಲುತ್ತಿರುತ್ತದೆ. ಅದರಲ್ಲಿ ಸಿಲಿಕ, ಅಂದರೆ ಬೆಣಚುಕಲ್ಲಿನ ಅಂಶ, ಇದ್ದರೆ ನಮ್ಮ ರಕ್ಷಣೆಗೆಂದು ಇರುವ ಜೀವಕೋಶಗಳು ಅದನ್ನು ನುಂಗುತ್ತವೆ, ನುಂಗಿ ಸಾಯುತ್ತವೆ. ಸತ್ತ ಜಾಗದಲ್ಲಿ ಗಾಯ, ಗಾಯ ಒಣಗಿ ಗಂಟು. ಹೀಗೆ ವರ್ಷಗಟ್ಟಲೆ ಗಂಟು ಕೂಡುತ್ತಾ ಶ್ವಾಸಕೋಶ ಬಿರುಸಾಗುತ್ತದೆ. ಇದೇ ಸಿಲಿಕೋಸಿಸ್. ಸಾಮಾನ್ಯವಾಗಿ 10-20 ವರ್ಷ ಏನೂ ಗೊತ್ತಾಗುವುದಿಲ್ಲ. ಧೂಳು ವಿಪರೀತ ಇದ್ದರೆ ಒಂದೆರಡು ವರ್ಷದಲ್ಲೇ ಆಗಬಹುದು. ಆದ ಗಂಟನ್ನು ಕರಗಿಸುವ ಔಷಧಿ ಇವತ್ತಿಗೂ ಇಲ್ಲ. ಅಲೋಪತಿಯಲ್ಲೂ ಇಲ್ಲ, ನಾಟಿಯಲ್ಲೂ ಇಲ್ಲ.

ಎಷ್ಟು ಧೂಳು ಸಾಕು? ಅಮೆರಿಕದ 2016ರ ನಿಯಮದ ಪ್ರಕಾರ ಒಂದು ಘನ ಮೀಟರ್ ಗಾಳಿಯಲ್ಲಿ ಇರಬಹುದಾದ ಸಣ್ಣ ಸಿಲಿಕ ಧೂಳು 0.05 ಮಿಲಿಗ್ರಾಂ. ಉದ್ದ, ಅಗಲ, ಎತ್ತರ ಮೂರೂ ಒಂದೊಂದು ಮೀಟರ್ ಇರುವ ಪೆಟ್ಟಿಗೆಯ ಗಾಳಿಯಲ್ಲಿ ಪುಡಿ ಉಪ್ಪಿನ ಒಂದು ಹರಳು ಇದ್ದ ಹಾಗೆ. ಅಷ್ಟೇ.

ಎಲ್ಲ ಕಲ್ಲೂ ಒಂದೇ ಅಲ್ಲ. ಶಹಾಬಾದಿನ ಪರ್ಸಿ ಸುಣ್ಣದ ಕಲ್ಲು, ಸಿಲಿಕ ಕಡಿಮೆ. ಕಡಿಮೆ ಅಂದೆ, ಇಲ್ಲ ಅನ್ನಲಿಲ್ಲ. ಯಾದಗಿರಿ ಕಡೆಯದು ಗ್ರಾನೈಟ್, ಅದರಲ್ಲಿ ನೂರಕ್ಕೆ 20ರಿಂದ 40ರಷ್ಟು ಬೆಣಚು. ಮರಳುಗಲ್ಲಾದರೆ ಬಹುಪಾಲು ಬೆಣಚೇ.

ಮರಳುಗಲ್ಲು ಎಂದ ಮೇಲೆ ಇಂಗ್ಲೆಂಡಿನ ಶೆಫೀಲ್ಡ್ ಊರಿನ ಕಥೆ ಹೇಳಲೇಬೇಕು. ಸ್ವಲ್ಪ ಉದ್ದವಿದೆ, ತಾಳ್ಮೆ ಇರಲಿ.

ಶೆಫೀಲ್ಡ್ ಚಾಕು, ಚೂರಿ, ಕತ್ತರಿ, ಊಟದ ಫೋರ್ಕು ಮಾಡುವ ಊರು. ಉಕ್ಕನ್ನು ಮರಳುಗಲ್ಲಿನ ಸಾಣೆ ಗಾಲಿಗೆ ಹಿಡಿದು ಹರಿತ ಮಾಡಬೇಕು. ಮೊದಲು ಈ ಗಾಲಿಗಳು ಹಳ್ಳದ ದಂಡೆಯಲ್ಲಿದ್ದವು, ನೀರಿನ ಚಕ್ರದಿಂದ ತಿರುಗುತ್ತಿದ್ದವು. ಬೇಸಿಗೆಯಲ್ಲಿ ಹಳ್ಳ ಬತ್ತಿದರೆ ಕೆಲಸ ಬಂದ್. ಜನ ಹೊಲದ ಕೆಲಸಕ್ಕೆ ಹೋಗುವರು, ಎದೆಗೆ ಅಷ್ಟು ವಿಶ್ರಾಂತಿ. ಹದಿನೆಂಟನೆಯ ಶತಮಾನದ ಕೊನೆಗೆ ಉಗಿ ಯಂತ್ರ ಬಂತು. ಗಾಲಿಗಳೆಲ್ಲ ಊರೊಳಗೆ ಬಂದವು, ಒಂದೊಂದು ಮುಚ್ಚಿದ ಕೋಣೆಯಲ್ಲಿ ಹತ್ತು ಹನ್ನೆರಡು ಗಾಲಿ, ವರ್ಷವಿಡೀ ಕೆಲಸ. ಅಲ್ಲಿಂದ ಸಾವು ಹೆಚ್ಚಾಯಿತು. ಅದಕ್ಕೆ ಜನ ಇಟ್ಟ ಹೆಸರು ಸಾಣೆಯವರ ಉಬ್ಬಸ.

ಆ ಊರಿನಲ್ಲಿ ಅರ್ನಾಲ್ಡ್ ನೈಟ್ ಎಂಬ ವೈದ್ಯರಿದ್ದರು. 1830ರ ಹೊತ್ತಿಗೆ ಅವರು ಒಂದು ಸರಳ ಕೆಲಸ ಮಾಡಿದರು. ಸಾಣೆ ಹಿಡಿಯುವವರನ್ನು ಗುಂಪು ಗುಂಪಾಗಿ ಬೇರೆ ಮಾಡಿ, ಯಾರು ಯಾವ ವಯಸ್ಸಿಗೆ ಸಾಯುತ್ತಾರೆ ಎಂದು ನೋಡಿದರು. ಫೋರ್ಕು ಹರಿತ ಮಾಡುವವರು ಒಣಗಾಲಿಗೆ ಹಿಡಿಯುವವರು. ಅವರು ಸಾಯುತ್ತಿದ್ದದ್ದು 28ರಿಂದ 32ನೆಯ ವಯಸ್ಸಿನಲ್ಲಿ. ಕ್ಷೌರದ ಕತ್ತಿಯವರದು ಅರ್ಧ ಒಣ, ಅರ್ಧ ಹಸಿ ಕೆಲಸ. ಅವರು 40ರಿಂದ 45. ಊಟದ ಚಾಕುವಿನವರು ಗಾಲಿಗೆ ನೀರು ಬಿಟ್ಟು ಕೆಲಸ ಮಾಡುವವರು. ಅವರು 40ರಿಂದ 50. ಗಮನಿಸಿ. ಅದೇ ಊರು, ಅದೇ ಉಕ್ಕು, ಅದೇ ಕಲ್ಲು, ಅದೇ ರೊಟ್ಟಿ, ಅದೇ ಹೆಂಡ. ಫರಕು ಒಂದೇ, ನೀರು. ನೀರು ಹಾಕಿದವನಿಗೆ ಹತ್ತು ಹದಿನೈದು ವರ್ಷ ಹೆಚ್ಚು.

ಮುಂದಿನದು ಇನ್ನೂ ಸ್ವಾರಸ್ಯ. 1820ರ ದಶಕದಲ್ಲಿ ಅಲ್ಲಿಯ ಅಬ್ರಹಾಂ ಎಂಬವರು ಒಂದು ಮುಖಕವಚ ಮಾಡಿದ್ದರು. ಬಾಯಿಯ ಸುತ್ತ ಅಯಸ್ಕಾಂತ. ಉಸಿರಿನ ಜೊತೆ ಹೋಗುವ ಉಕ್ಕಿನ ಪುಡಿಯನ್ನು ಅಯಸ್ಕಾಂತ ಹಿಡಿದುಕೊಳ್ಳುತ್ತದೆ ಎಂಬ ಲೆಕ್ಕ. ಹಿಡಿದುಕೊಂಡಿತು ಕೂಡ. ಬಹುಮಾನವೂ ಬಂತು. ಆದರೆ ಎದೆ ತಿನ್ನುತ್ತಿದ್ದದ್ದು ಉಕ್ಕಲ್ಲ, ಗಾಲಿಯಿಂದ ಏಳುತ್ತಿದ್ದ ಮರಳುಗಲ್ಲಿನ ಹುಡಿ. ಕಲ್ಲಿಗೆ ಅಯಸ್ಕಾಂತ ಏನು ಮಾಡೀತು? ಕಾಣುವ ಮಿಂಚುವ ಪುಡಿ ನಿಂತಿತು, ಕಾಣದ ಧೂಳು ಒಳಗೆ ಹೋಯಿತು. ಕಾರ್ಮಿಕರಂತೂ ಅದನ್ನು ಹಾಕಿಕೊಳ್ಳಲೇ ಇಲ್ಲ. ಆಮೇಲೆ ಗಾಲಿಯ ಪಕ್ಕದಿಂದಲೇ ಧೂಳನ್ನು ಎಳೆದು ಹೊರಗೆ ಬಿಡುವ ಫ್ಯಾನು ಮತ್ತು ಕೊಳವೆ ಬಂದವು. ಅದನ್ನೂ ಎಷ್ಟೋ ಕಾರ್ಮಿಕರು ಬೇಡ ಎಂದರು. ಯಾಕೆ ಗೊತ್ತೇ? ಎಲ್ಲರೂ ಹೆಚ್ಚು ವರ್ಷ ಬದುಕಿದರೆ ಕೆಲಸಕ್ಕೆ ಜನ ಜಾಸ್ತಿಯಾಗಿ ಕೂಲಿ ಬೀಳುತ್ತದಂತೆ! ಬಡತನ ಮನುಷ್ಯನಿಂದ ಇಂಥ ಲೆಕ್ಕವನ್ನೂ ಹಾಕಿಸುತ್ತದೆ. ನಮ್ಮಲ್ಲೂ ನೀರು ಹಾಕಿದರೆ ಕೆಲಸ ತಡವಾಗುತ್ತದೆ, ಚದರಡಿ ಲೆಕ್ಕದಲ್ಲಿ ಕೂಲಿ ಹೊಡೆತ ಬೀಳುತ್ತದೆ ಎನ್ನುವವರು ಇದ್ದಾರೆ. ಅವರಿಗೆ ನಾನು ಹೇಳುವುದು, 28 ಮತ್ತು 45, ಎರಡೂ ಅಂಕಿ ಇನ್ನೊಮ್ಮೆ ಕೇಳಿಸಿಕೊಳ್ಳಿ.

ಕಥೆ ಹೇಳುತ್ತಾ ಅರ್ಧ ಹೊತ್ತು ಹೋಯಿತು. ಮುಂದಿನದು ಚುಟುಕಾಗಿ.

ಹತ್ತೊಂಬತ್ತನೆಯ ಶತಮಾನದ ಕೊನೆಯ ಭಾಗದಲ್ಲಿ ಗಾಳಿಯ ಒತ್ತಡದ ಡ್ರಿಲ್ ಗಣಿಗಳಿಗೆ ಬಂತು, ಧೂಳು ಬಹಳ ಹೆಚ್ಚಾಯಿತು. 1890ರ ದಶಕದಲ್ಲಿ ಅಮೆರಿಕದ ಡೆನ್ವರ್‌ನ ಲೈನರ್ ಎಂಬವರು ಡ್ರಿಲ್ಲಿನ ರಾಡಿನ ನಡುವೆ ತೂತು ಇಟ್ಟು ಅದರೊಳಗಿಂದ ಗಾಳಿ ಹಾಯಿಸಿದರು. ತೂತಿನ ಪುಡಿಯೆಲ್ಲ ಕಾರ್ಮಿಕರ ಮುಖಕ್ಕೇ ಬಂತು, ಅವರು ಮಷಿನ್ ಮುಟ್ಟಲು ಒಲ್ಲೆ ಅಂದರು. ಆಗ ಲೈನರ್ ಅದೇ ತೂತಿನಲ್ಲಿ ನೀರನ್ನೂ ಹಾಯಿಸಿದರು. ಪುಡಿ ಕೆಸರಾಗಿ ಹೊರಗೆ ಬಂತು. ಕೇಳಿ ಅಣ್ಣಾ, ನಿಮ್ಮ ಖಣಿಯ ಜ್ಯಾಕ್‌ಹ್ಯಾಮರಿನ ರಾಡಿನಲ್ಲಿ ಇರುವ ತೂತು ಅದೇ ತೂತು. ನೂರು ವರ್ಷಕ್ಕಿಂತ ಹಳೆಯ ಉಪಾಯ ನಿಮ್ಮ ಕೈಯಲ್ಲೇ ಇದೆ, ನೀವು ಅದರಲ್ಲಿ ಬರೀ ಗಾಳಿ ಬಿಡುತ್ತಿದ್ದೀರಿ!

ಉಪಾಯ ಗೊತ್ತಿದ್ದೂ ಬಳಸದಿದ್ದರೆ ಏನಾಗುತ್ತದೆ ಎಂಬುದಕ್ಕೆ ಅಮೆರಿಕದ್ದೇ ಉದಾಹರಣೆ ಇದೆ. 1930-31ರಲ್ಲಿ ವೆಸ್ಟ್ ವರ್ಜೀನಿಯಾದ ಹಾಕ್ಸ್ ನೆಸ್ಟ್ ಎಂಬಲ್ಲಿ ಸುಮಾರು 5 ಕಿಲೋಮೀಟರ್ ಸುರಂಗ ಕೊರೆದರು. ಬೆಣಚು ತುಂಬಿದ ಬಂಡೆ, ಒಣ ಡ್ರಿಲ್, ಕೆಲಸಗಾರರಲ್ಲಿ ಬಹಳಷ್ಟು ಜನ ದೂರದಿಂದ ದುಡಿಯಲು ಬಂದ ಕಪ್ಪು ಜನ. ನಂತರ ಹಾಕಿದ ಲೆಕ್ಕದಂತೆ ಸತ್ತವರು 700ಕ್ಕೂ ಹೆಚ್ಚು. ನಮ್ಮ ಕೋಲಾರದ ಚಿನ್ನದ ಗಣಿಯಲ್ಲಿ 1940ರಿಂದ 46ರ ನಡುವೆ ಏಳೂವರೆ ಸಾವಿರಕ್ಕಿಂತ ಹೆಚ್ಚು ಕಾರ್ಮಿಕರನ್ನು ತಪಾಸಣೆ ಮಾಡಿದಾಗ ನೂರಕ್ಕೆ 40ಕ್ಕೂ ಮೇಲ್ಪಟ್ಟು ಜನರಿಗೆ ಸಿಲಿಕೋಸಿಸ್ ಇತ್ತು. ಇದು ಪರದೇಶದ ರೋಗವಲ್ಲ.

ಈಗ ಕೆಲಸದ ಮಾತು.

ನೆಲಹಾಸು, ಗ್ರಾನೈಟ್ ಕೊಯ್ಯುವ ಮೇಸ್ತ್ರಿಗಳೇ, ಕಟಿಂಗ್ ಮಷಿನ್ ನಿಮಿಷಕ್ಕೆ 12-13 ಸಾವಿರ ಸುತ್ತು ತಿರುಗುತ್ತದೆ. ಅದರ ಬ್ಲೇಡಿಗೆ ನಿಮಿಷಕ್ಕೆ ಕನಿಷ್ಠ ಅರ್ಧ ಲೀಟರ್ ನೀರು ಬೀಳಬೇಕು, ಅದೂ ಬ್ಲೇಡು ಕಲ್ಲಿಗೆ ತಾಗುವ ಜಾಗದಲ್ಲೇ. ಬಾಟಲಿ ಮುಚ್ಚಳಕ್ಕೆ ತೂತು ಹಾಕಿ ಒಬ್ಬ ಹುಡುಗನನ್ನು ಪಕ್ಕದಲ್ಲಿ ನಿಲ್ಲಿಸುತ್ತೀರಲ್ಲ, ಲೀಟರ್ ಬಾಟಲಿ ಎರಡೇ ನಿಮಿಷಕ್ಕೆ ಖಾಲಿ. ಅವನು ತುಂಬಿಸಿಕೊಂಡು ಬರುವ ತನಕ ನೀವು ಒಣಕಲ್ಲೇ ಕೊಯ್ಯುತ್ತೀರಿ, ಮತ್ತು ಆ ಹುಡುಗ ಧೂಳಿನ ಬಾಯಲ್ಲೇ ನಿಂತಿರುತ್ತಾನೆ. 20 ಲೀಟರ್ ಕ್ಯಾನು ತಲೆಯ ಎತ್ತರಕ್ಕೆ ಇಡಿ, ತಳದಲ್ಲಿ ಸಣ್ಣ ನಳ, ಅದರಿಂದ ಪ್ಲಾಸ್ಟಿಕ್ ಪೈಪು ಮಷಿನ್ನಿಗೆ. 40 ನಿಮಿಷ ಚಿಂತೆಯಿಲ್ಲ. ನೀರಿನ ಪೈಪು ಕೂಡಿಸಲು ಜಾಗ ಇರುವ ಮಾರ್ಬಲ್ ಕಟರನ್ನೇ ಕೊಳ್ಳಿ. ಸಾದಾ ಗ್ರೈಂಡರಿಗೆ ನೀರು ಬಿಡಬೇಡಿ, ಶಾಕ್ ಹೊಡೆಯುತ್ತದೆ. ಹಸಿ ಕೆಲಸಕ್ಕೆ, ಕರೆಂಟು ಸೋರಿದ ಕೂಡಲೇ ತಾನೇ ಬಂದ್ ಆಗುವ 30 ಮಿಲಿ ಆಂಪಿಯರಿನ ಟ್ರಿಪ್ ಸ್ವಿಚ್ ಇರಲೇಬೇಕು. ಕರೆಂಟಿನ ಭಯಕ್ಕೆ ಒಣ ಕೊಯ್ಯುವುದು ದಾರಿಯಲ್ಲ, ಸ್ವಿಚ್ ಹಾಕಿಸುವುದು ದಾರಿ.

ಕ್ರಷರ್ ಸಾವ್ಕಾರ್ರೇ, ನೀರು ನಾಲ್ಕು ಕಡೆ ಬೇಕು. ಲಾರಿ ಕಲ್ಲು ಸುರಿಯುವ ಹಾಪರ್, ದವಡೆಯ ಕೆಳಗೆ ಕಲ್ಲು ಬೀಳುವ ಜಾಗ, ಒಂದು ಬೆಲ್ಟಿನಿಂದ ಇನ್ನೊಂದಕ್ಕೆ ಬೀಳುವ ಜಾಗ, ಕೊನೆಗೆ ರಾಶಿಗೆ ಬೀಳುವ ತುದಿ. ಕಲ್ಲು ಜರಡಿ ಹಿಡಿಯುವ ಜಾಲರಿಗೆ ಮಾತ್ರ ನೀರು ಹೆಚ್ಚಾಗಬಾರದು, ಹೆಚ್ಚಾದರೆ ಪುಡಿ ಕಟ್ಟಿ ಜಾಲರಿಯ ಕಣ್ಣು ಮುಚ್ಚುತ್ತದೆ. ಆಗ ಆಪರೇಟರ್ ಸಿಟ್ಟಿನಿಂದ ಎಲ್ಲ ನೀರೂ ಬಂದ್ ಮಾಡುತ್ತಾನೆ. ಜಾಲರಿಯನ್ನು ತಗಡಿನಿಂದ ಸುತ್ತಲೂ ಮುಚ್ಚಿಸಿ. ದೊಡ್ಡ ಧಾರೆ ಬೇಡ, ಸಣ್ಣ ಹನಿಯ ನಾಜಲ್ ಬೇಕು, ಸಣ್ಣ ಧೂಳನ್ನು ಹಿಡಿಯುವುದು ಸಣ್ಣ ಹನಿಯೇ. ನಮ್ಮ ಬೋರಿನ ಗಡಸು ನೀರಿಗೆ ನಾಜಲ್ ಬೇಗ ಕಟ್ಟುತ್ತದೆ. ನೀರು ನಾಜಲಿಗೆ ಹೋಗುವ ಮೊದಲೇ ಫಿಲ್ಟರ್ ಹಾಕಿ, ವಾರಕ್ಕೊಮ್ಮೆ ಬಿಚ್ಚಿ ತೊಳೆಸಿ.

ಕುಡಿಯಲಿಕ್ಕೇ ನೀರಿಲ್ಲ, ಕಲ್ಲಿಗೆ ಎಲ್ಲಿಂದ ತರಲಿ ಎನ್ನುತ್ತೀರಿ. ಮೇ ತಿಂಗಳ ಕಲಬುರಗಿಯಲ್ಲಿ ಈ ಪ್ರಶ್ನೆ ಸುಳ್ಳಲ್ಲ. ಶಹಾಬಾದ್ ಸುತ್ತಿನ ಹಳೆಯ ಖಣಿಗುಂಡಿಗಳಲ್ಲಿ ನಿಂತ ನೀರು ಕಲ್ಲಿಗೆ ಸಾಕು. ಪಾಲಿಶ್ ಮಷಿನ್ನಿನ ನೀರನ್ನು ಮೂರು ತೊಟ್ಟಿಗಳಲ್ಲಿ ಸಾಲಾಗಿ ನಿಲ್ಲಿಸಿ ತಿಳಿ ಮಾಡಿ ಮತ್ತೆ ಬಳಸಬಹುದು. ತಳದ ಕೆಸರನ್ನು ಹಸಿ ಇರುವಾಗಲೇ ತೆಗೆದು ಸಾಗಿಸಿ. ಒಣಗಿ ಲಾರಿಯ ಗಾಲಿಗೆ ಸಿಕ್ಕರೆ ಅದೇ ಧೂಳು ಎರಡನೆಯ ಸಲ ಏಳುತ್ತದೆ.

ಮುಖಕ್ಕೆ ಸುತ್ತುವ ಟವೆಲ್, ಸೆರಗು, ಕರ್ಚೀಫು, ಇವುಗಳ ನೂಲಿನ ಸಂದಿಯಲ್ಲಿ ಆ ಸಣ್ಣ ಕಣ ಸಲೀಸಾಗಿ ತೂರುತ್ತದೆ. ಶೆಫೀಲ್ಡಿನ ಅಯಸ್ಕಾಂತದ ಹಾಗೆಯೇ ಕಾಣುವುದನ್ನು ಮಾತ್ರ ಹಿಡಿಯುತ್ತದೆ. ಎನ್-95 ಮಾಸ್ಕ್ ತಡೆಯುತ್ತದೆ, ಕೆನ್ನೆಗೆ ಬಿಗಿಯಾಗಿ ಕೂತರೆ. ಗಡ್ಡ ಇದ್ದರೆ ಕೂಡುವುದಿಲ್ಲ. 43 ಡಿಗ್ರಿ ಬಿಸಿಲಿನಲ್ಲಿ ದಿನವಿಡೀ ಹಾಕಿಕೊಂಡು ಕಲ್ಲು ಎತ್ತಿ ಎಂದು ಹೇಳುವವರು ಮೊದಲು ತಾವು ಒಂದು ತಾಸು ಎತ್ತಿ ನೋಡಲಿ. ಅದಕ್ಕೇ ಮೊದಲು ನೀರು ಅನ್ನುವುದು. ಬೆಲ್ಲ ತಿಂದರೆ ಧೂಳು ಇಳಿಯುತ್ತದೆ ಎಂಬ ಮಾತು ನಿಮ್ಮಲ್ಲಿದೆ. ಬೆಲ್ಲ ಹೋಗುವುದು ಹೊಟ್ಟೆಗೆ, ಧೂಳು ಇರುವುದು ಎದೆಯಲ್ಲಿ. ತಿನ್ನಿ, ರುಚಿಗೆ ತಿನ್ನಿ. ಸಂಜೆ ಕಂಪ್ರೆಸರ್ ಪೈಪಿನಿಂದ ಬಟ್ಟೆ ಝಾಡಿಸುವುದು ಇವತ್ತೇ ನಿಲ್ಲಬೇಕು, ಇಡೀ ದಿನದ ಧೂಳನ್ನು ಅರ್ಧ ನಿಮಿಷದಲ್ಲಿ ಮೂಗಿಗೆ ಏರಿಸುವ ಕೆಲಸ ಅದು. ಕಸಬರಿಗೆಯಿಂದ ಒಣ ಗುಡಿಸುವ ಅಕ್ಕಂದಿರೇ, ನೀರು ಚಿಮುಕಿಸಿ ಗುಡಿಸಿ.

ಆಸ್ಪತ್ರೆಗೆ ಹೋದಾಗ ಕೆಮ್ಮು, ದಮ್ಮು ಎಂದಷ್ಟೇ ಹೇಳಿ ಬರಬೇಡಿ. ಯಾವ ಕೆಲಸ, ಯಾವ ಕಲ್ಲು, ಎಷ್ಟು ವರ್ಷ, ಮೂರೂ ಹೇಳಿ. ಇಟಲಿಯ ರಾಮಜ್ಜಿನಿ ಎಂಬ ವೈದ್ಯರು 1700ರಲ್ಲೇ ಬರೆದಿದ್ದಾರೆ, ರೋಗಿಯ ಕಸುಬು ಯಾವುದೆಂದು ಕೇಳಲೇಬೇಕು ಅಂತ. ಡಾಕ್ಟರು ಕೇಳದಿದ್ದರೆ ನೀವೇ ಹೇಳಿ. ಸಿಲಿಕೋಸಿಸ್ ಇದ್ದವರಿಗೆ ಕ್ಷಯ ಬರುವ ಸಾಧ್ಯತೆ ಹಲವು ಪಟ್ಟು ಹೆಚ್ಚು, ಆದ್ದರಿಂದ ಎಕ್ಸ್‌ರೇ ಜೊತೆ ಕಫದ ಪರೀಕ್ಷೆಯೂ ಆಗಲಿ. ಬೀಡಿ ಬಿಡಿ. ಹಳೆಯ ಎಕ್ಸ್‌ರೇ, ಹಾಜರಿ ಚೀಟಿ, ಕೂಲಿ ಚೀಟಿ ಎಸೆಯಬೇಡಿ. ಕಾರ್ಮಿಕರ ಪರಿಹಾರದ ಕಾನೂನಿನ ರೋಗಪಟ್ಟಿಯಲ್ಲಿ ಸಿಲಿಕೋಸಿಸ್ ಇದೆ, ಆದರೆ ಎಲ್ಲಿ ದುಡಿದಿರಿ ಎಂಬುದಕ್ಕೆ ಕಾಗದ ಕೇಳುತ್ತಾರೆ.

ಸಮಯ ಮುಗಿಯಿತು ಎಂದು ಗಾಜಿನ ಆಚೆಯಿಂದ ಕೈ ತೋರಿಸುತ್ತಿದ್ದಾರೆ. ಬೀದರಿನ ಬಿದ್ರಿ ಕೆಲಸದವರಿಗೆ ಒಂದು ಮಾತು ಬಾಕಿ ಇದೆ, ಹೇಳಿಯೇ ಬಿಡುತ್ತೇನೆ. ಸತು ಅತಿಯಾಗಿ ಕಾದಾಗ ಏಳುವ ಬಿಳಿ ಹೊಗೆ ಕುಡಿದ ದಿನ ಸಂಜೆ ಚಳಿ ಜ್ವರ ಬಂದು ಮಾರನೆಯ ದಿನ ಬಿಡುತ್ತದೆ. ಅದು ಮಲೇರಿಯಾ ಅಲ್ಲ, ಸತುವಿನ ಜ್ವರ. ಸತು 420 ಡಿಗ್ರಿಗೇ ಕರಗುತ್ತದೆ, 907ಕ್ಕೆ ಕುದಿಯುತ್ತದೆ. ಮೂಸೆಯನ್ನು ಬೇಕಾದ್ದಕ್ಕಿಂತ ಹೆಚ್ಚು ಕಾಯಿಸಬೇಡಿ, ಒಲೆಯನ್ನು ಬಯಲಿನ ಕಡೆ ಇಡಿ, ಗಾಳಿಗೆ ಬೆನ್ನು ಕೊಟ್ಟು ಕೂಡ್ರಿ. ಇಷ್ಟು ಹೊತ್ತು ನೀರು ನೀರು ಎಂದನಲ್ಲಾ ಎಂದು ಅಲ್ಲಿ ಮಾತ್ರ ನೀರು ತರಬೇಡಿ. ಕರಗಿದ ಲೋಹಕ್ಕೆ ಒಂದು ಹನಿ ಬಿದ್ದರೂ ಉಗಿಯಾಗಿ ಸಿಡಿದು ಮುಖಕ್ಕೆ ಹಾರುತ್ತದೆ. ಅಚ್ಚಿನ ಮಣ್ಣು ಪೂರ್ತಿ ಒಣಗಿದ ಮೇಲೇ ಹೊಯ್ಯಿರಿ. ನಮಸ್ಕಾರ.