ಫಿಲ್ಮಿನ ಅಂಚಿನಲ್ಲಿರುವ ದನಿ

[ದೃಶ್ಯ: ಬೆಳಕಿಗೆ ಹಿಡಿದ 35 ಎಂಎಂ ಫಿಲ್ಮು, ತೀರಾ ಹತ್ತಿರದಿಂದ]

ಈ ಗೆರೆ ನೋಡಿ. ಚಿತ್ರದ ಚೌಕಗಳ ಪಕ್ಕದಲ್ಲಿ, ಸುಮಾರು ಎರಡೂವರೆ ಮಿಲಿಮೀಟರ್ ಜಾಗದಲ್ಲಿ ಅಂಕುಡೊಂಕಾಗಿ ಓಡ್ತಾ ಇದೆಯಲ್ಲ, ಅದೇ ಸಿನಿಮಾದ ದನಿ. ಹಳೆಯ ಫಿಲ್ಮುಗಳ ಈ ದನಿಯನ್ನು ಸರಿಪಡಿಸಿ ಉಳಿಸೋ ಕೆಲಸದ ಕಥೆ ಇದು. ಮಾತು, ಹಾಡು, ಬಾಗಿಲು ಬಡಿದ ಸದ್ದು, ಎಲ್ಲವೂ ಇದರಲ್ಲೇ ಇದೆ. ಪ್ರೊಜೆಕ್ಟರಿನೊಳಗೆ ಒಂದು ಪುಟ್ಟ ದೀಪದ ಬೆಳಕು ಈ ಗೆರೆಯನ್ನು ಹಾದುಹೋಗುತ್ತೆ. ಗೆರೆಯ ಅಗಲ ಬದಲಾದ ಹಾಗೆ ಬೆಳಕೂ ಹೆಚ್ಚುಕಡಿಮೆ ಆಗುತ್ತೆ. ಆ ಏರಿಳಿತವೇ ವಿದ್ಯುತ್ತಾಗಿ, ಸ್ಪೀಕರಿನಲ್ಲಿ ದನಿಯಾಗುತ್ತೆ.

ಆದರೆ ಬೆಳಕಿಗೆ ಧೂಳು ಯಾವುದು, ದನಿ ಯಾವುದು ಅಂತ ಗೊತ್ತಾಗೋದಿಲ್ಲ. ಫಿಲ್ಮು ಸೆಕೆಂಡಿಗೆ ಸುಮಾರು 456 ಮಿಲಿಮೀಟರ್ ಓಡುತ್ತೆ. ಅರ್ಧ ಮಿಲಿಮೀಟರಿನ ಕಸ ಅಡ್ಡ ಬಂದರೂ ಸಾಕು, ಕಿವಿಗೆ ‘ಟಿಕ್’ ಅಂತ ಬಡಿಯುತ್ತೆ. ಅದಕ್ಕೇ ದನಿ ಸರಿಪಡಿಸೋ ಕೆಲಸ ಶುರುವಾಗೋದು ಕಂಪ್ಯೂಟರಿನ ಮುಂದೆ ಅಲ್ಲ, ಫಿಲ್ಮು ತೊಳೆಯೋದರಿಂದ. ಅದಕ್ಕೂ ಮೊದಲು ಮೂಲ ಸೌಂಡ್ ನೆಗೆಟಿವ್, ಅಂದರೆ ಉಳಿದ ಪ್ರತಿಗಳಿಗೆ ದನಿ ಅಚ್ಚುಹಾಕಿದ ಮೊದಲ ಫಿಲ್ಮು, ಎಲ್ಲಾದರೂ ಉಳಿದಿದೆಯಾ ಅಂತ ಹುಡುಕಬೇಕು, ಯಾಕಂದ್ರೆ ಪ್ರತಿಯಿಂದ ಪ್ರತಿ ತೆಗೆದಷ್ಟೂ ದನಿ ಮಸುಕಾಗುತ್ತೆ.

[ದೃಶ್ಯ: ಹರಿದು ಅಂಟಿಸಿದ ಫಿಲ್ಮಿನ ತುಂಡು]

ನನಗೆ ಬಹಳ ಬೆರಗು ಹುಟ್ಟಿಸಿದ ವಿಷಯ ಇದು. ಒಂದು ಚೌಕದ ದನಿ ಆ ಚೌಕದ ಪಕ್ಕದಲ್ಲೇ ಇರೋದಿಲ್ಲ, ಸುಮಾರು 20 ಚೌಕ ಮುಂದೆ ಇರುತ್ತೆ. ಚಿತ್ರ ನಿಂತು ನಿಂತು ಸಾಗಬೇಕು, ದನಿಗೆ ಒಂದೇ ಸಮನೆಯ ಓಟ ಬೇಕು, ಹಾಗಾಗಿ ಎರಡನ್ನೂ ಓದುವ ಜಾಗ ಬೇರೆ ಬೇರೆ. ಹರಿದ ನಾಲ್ಕು ಚೌಕವನ್ನು ಯಾರೋ ಕತ್ತರಿಸಿ ಅಂಟಿಸಿದರೆ ಚಿತ್ರ ಜಿಗಿಯೋದು ಒಂದು ಕಡೆ, ಮಾತಿನ ಅಕ್ಷರ ನುಂಗಿಹೋಗೋದು ಹೆಚ್ಚುಕಡಿಮೆ ಒಂದು ಸೆಕೆಂಡ್ ಆದಮೇಲೆ! ಆ ಅಕ್ಷರಕ್ಕಾಗಿ ಇನ್ನೊಂದು ಪ್ರತಿ ಹುಡುಕಬೇಕು.

ಇನ್ನು ಸಾಫ್ಟ್‌ವೇರ್. ಫಿಲ್ಮಿನ ದನಿಯನ್ನು ಕಂಪ್ಯೂಟರಿಗೆ ಇಳಿಸಿಕೊಂಡ ಮೇಲೆ ಚಟಪಟ ಸದ್ದು ತೆಗೆಯೋದು ಈಗ ಸುಲಭ. ಎಲ್ಲಿ ಕೈ ನಿಲ್ಲಿಸಬೇಕು ಅನ್ನೋದೇ ಕಷ್ಟ. ಹಿನ್ನೆಲೆಯ ‘ಸುಯ್’ ಸದ್ದನ್ನು ಪೂರ್ತಿ ಒರೆಸಿದರೆ ಅದರ ಜೊತೆ ‘ಸ’, ‘ಶ’ಗಳ ಮೊನಚು ಹೋಗುತ್ತೆ, ನಟಿಯ ಉಸಿರು ಹೋಗುತ್ತೆ, ಕೋಣೆಯ ಗುಂಗು ಹೋಗುತ್ತೆ. ಉಳಿಯೋದು ನೀರೊಳಗಿಂದ ಆಡಿದಂಥ ಮಾತು. ಸ್ವಲ್ಪ ಗದ್ದಲ ಇದ್ದರೂ ಪರವಾಗಿಲ್ಲ, ಉಸಿರು ಇರಲಿ ಅನ್ನೋದು ನನ್ನ ನಿಲುವು. ಏನೇ ತಿದ್ದಿದರೂ, ಮೊದಲು ತೆಗೆದ ಕಚ್ಚಾ ಪ್ರತಿಯನ್ನು ಮುಟ್ಟದೆ ಹಾಗೇ ಇಡಲೇಬೇಕು. ಸಾಮಾನ್ಯವಾಗಿ 96 ಕಿಲೋಹರ್ಟ್ಸ್, 24 ಬಿಟ್‌ನಲ್ಲಿ, ಅಂದರೆ ದನಿಯ ಸೂಕ್ಷ್ಮ ವಿವರವೂ ಉಳಿಯುವಂಥ ಗುಣಮಟ್ಟದಲ್ಲಿ.

[ದೃಶ್ಯ: ದೊಡ್ಡ ಕೊಳವೆಯ ಮುಂದೆ ಪಿಟೀಲು ನುಡಿಸುವ ವ್ಯಕ್ತಿ, ಕುಣಿಯುವ ಇಬ್ಬರು]

ಯಾಕೆ ಅಂದ್ರೆ, ಇದನ್ನು ನೋಡಿ. 1894-95ರ ಸುಮಾರಿಗೆ ಅಮೆರಿಕದ ಎಡಿಸನ್ ಸ್ಟುಡಿಯೊದಲ್ಲಿ, ಎಡಿಸನ್ ಅವರ ಸಹಾಯಕ ವಿಲಿಯಂ ಡಿಕ್ಸನ್ ಪಿಟೀಲು ನುಡಿಸಿದರು. ಚಿತ್ರ ಫಿಲ್ಮಿನ ಮೇಲೆ, ದನಿ ಮೇಣದ ಸಿಲಿಂಡರಿನ ಮೇಲೆ. ಎರಡೂ ಬೇರೆಯಾದವು, ಸಿಲಿಂಡರ್ ಒಡೆದುಹೋಯ್ತು. ಆದರೂ ಆ ಒಡಕನ್ನು ಯಾರೂ ಬಿಸಾಡಲಿಲ್ಲ. ನೂರು ವರ್ಷ ದಾಟಿದ ಮೇಲೆ ಅದನ್ನು ಜೋಡಿಸಿ ದನಿ ತೆಗೆದರು. 2000ದಲ್ಲಿ ಹಾಲಿವುಡ್ಡಿನ ಸಂಕಲನಕಾರ, ದನಿ ವಿನ್ಯಾಸಕ ವಾಲ್ಟರ್ ಮರ್ಚ್ ಆ ದನಿಯನ್ನು ಚಿತ್ರಕ್ಕೆ ಹೊಂದಿಸಿದರು.

ಇಷ್ಟೇ, ಸುಮಾರು 17 ಸೆಕೆಂಡು. ಈಗ ನಾನು ಸುಮ್ಮನಿರ್ತೀನಿ, ನೀವು ಕೇಳಿ.

[ದನಿ: ಪಿಟೀಲು, ಮೇಣದ ಗರಗರ ಸದ್ದಿನ ಸಮೇತ]