ಒಗೆಯಬೇಡಿ, ತೊಳೆಯಬೇಡಿ, ಗುಡಿಸಬೇಡಿ

ಕೇಳುಗರೆಲ್ಲರಿಗೂ ನಮಸ್ಕಾರ. ದೊಡ್ಡ ಕೊಲೆ ಪ್ರಕರಣಗಳಲ್ಲಿ ವಿಧಿವಿಜ್ಞಾನ ವೈದ್ಯರು ಏನು ಮಾಡುತ್ತಾರೆ ಎಂದು ತಿಳಿಸಲು ನನ್ನನ್ನು ಕರೆದಿದ್ದಾರೆ. ಉಳಿದವರು ಕಸವೆಂದು ಎಸೆಯುವುದನ್ನು ನಾವು ಎತ್ತಿಡುತ್ತೇವೆ. ಎಸೆದುಬಿಟ್ಟರೆ ನಮ್ಮ ಕೈ ಕಟ್ಟಿದಂತೆ.

1935ರ ಸೆಪ್ಟೆಂಬರ್ 29. ಸ್ಕಾಟ್ಲೆಂಡಿನ ಮೊಫಟ್ ಊರಿನ ಬಳಿ ಸೇತುವೆ ದಾಟುತ್ತಿದ್ದ ಮಹಿಳೆಯೊಬ್ಬರಿಗೆ ಕೆಳಗಿನ ಹಳ್ಳದಲ್ಲಿ ಮನುಷ್ಯರ ತೋಳು ಕಂಡಿತು. ಹುಡುಕಿದರೆ, ಬಟ್ಟೆಯಲ್ಲಿ, ಪೇಪರಿನಲ್ಲಿ ಸುತ್ತಿದ ದೇಹದ ತುಂಡುಗಳು. ಕಣ್ಣು, ಕಿವಿ, ಮೂಗು, ತುಟಿ ಯಾವುದನ್ನೂ ಉಳಿಸಿರಲಿಲ್ಲ. ಕೊಂದವನು ಕತ್ತರಿಸುವುದನ್ನು ಕಲಿತವನೇ ಎಂದು ನೋಡಿದೊಡನೆ ಗೊತ್ತಾಗುವಂತಿತ್ತು.

ಗ್ಲಾಸ್ಗೋದ ವಿಧಿವಿಜ್ಞಾನ ಪ್ರಾಧ್ಯಾಪಕ ಜಾನ್ ಗ್ಲೇಸ್ಟರ್, ಎಡಿನ್‌ಬರೋದ ಅಂಗರಚನಾ ಪ್ರಾಧ್ಯಾಪಕ ಜೇಮ್ಸ್ ಬ್ರಾಶ್ ಇಬ್ಬರೂ ಸೇರಿ ತುಂಡುಗಳನ್ನು ಜೋಡಿಸಿದರು. ಎರಡು ದೇಹ, ಇಬ್ಬರೂ ಹೆಂಗಸರು. ಆದರೆ ಯಾರು, ಯಾವಾಗ ಸತ್ತರು?

ಇಲ್ಲಿ ಗಮನವಿಟ್ಟು ಕೇಳಿ. ಮಾಂಸದ ಮೇಲೆ ಹುಳುಗಳಿದ್ದವು. ಅಸಹ್ಯವೆಂದು ಯಾರೂ ತೊಳೆದು ಚೆಲ್ಲಲಿಲ್ಲ. ಗ್ಲಾಸ್ಗೋದ ಡಾಕ್ಟರ್ ಅಲೆಕ್ಸಾಂಡರ್ ಮರ್ನ್ಸ್ ಅವುಗಳ ಬೆಳವಣಿಗೆ ನೋಡಿ, 12ರಿಂದ 14 ದಿನದ ಹುಳುಗಳೆಂದು ಹೇಳಿದರು. ಅಂದರೆ ಸತ್ತು ಕನಿಷ್ಠ ಅಷ್ಟು ದಿನವಾಗಿತ್ತು. ಸುತ್ತಿದ್ದ ಹಾಳೆಗಳಲ್ಲಿ ಒಂದು ಸೆಪ್ಟೆಂಬರ್ 15ರ 'ಸಂಡೇ ಗ್ರಾಫಿಕ್' ಪತ್ರಿಕೆ. ಅದೂ ಇಂಗ್ಲೆಂಡಿನ ಲ್ಯಾಂಕಾಸ್ಟರ್ ಸುತ್ತಮುತ್ತ ಮಾತ್ರ ಮಾರಿದ ವಿಶೇಷ ಆವೃತ್ತಿ! ಆ ಊರಿನಲ್ಲಿ ಡಾಕ್ಟರೊಬ್ಬನ ಹೆಂಡತಿಯೂ ಮನೆಕೆಲಸದ ಹುಡುಗಿಯೂ ಕಾಣೆಯಾಗಿದ್ದರು. ಡಾಕ್ಟರ್ ಬಕ್ ರಕ್ಸ್‌ಟನ್, ಮುಂಬಯಿಯಲ್ಲಿ ಹುಟ್ಟಿದ ಪಾರ್ಸಿ. ಬ್ರಾಶ್ ಅವರು ಅವನ ಹೆಂಡತಿಯ ಹಳೆಯ ಭಾವಚಿತ್ರದ ಮೇಲೆ ತಲೆಬುರುಡೆಯ ಫೋಟೊವನ್ನು ಅದೇ ಕೋನದಲ್ಲಿ, ಅದೇ ಅಳತೆಯಲ್ಲಿ ಹೊಂದಿಸಿದರು. ಕೂಡಿಕೊಂಡಿತು. 1936ರಲ್ಲಿ ರಕ್ಸ್‌ಟನ್‌ಗೆ ಗಲ್ಲಾಯಿತು.

ಹುಳು, ಹರಿದ ಪೇಪರು. ಎರಡನ್ನೂ ಎತ್ತಿಟ್ಟಿದ್ದರು, ಅದಕ್ಕೇ ಕೇಸು ನಿಂತಿತು. ಈ ಕಥೆಯನ್ನು ನನ್ನ ವಿದ್ಯಾರ್ಥಿಗಳಿಗೆ ಪ್ರತಿ ವರ್ಷ ಹೇಳುತ್ತೇನೆ, ಇನ್ನೂ ಬೇಸರ ಬಂದಿಲ್ಲ.

ನಮ್ಮಲ್ಲಿ ಏನಾಗುತ್ತದೆ? ಸಾವಾದ ಮನೆಗೆ ನೆಂಟರೆಲ್ಲ ನುಗ್ಗುತ್ತಾರೆ. ಯಾರೋ ನೆಲ ಒರೆಸುತ್ತಾರೆ, ಯಾರೋ ಹಗ್ಗ ಬಿಚ್ಚಿ ಎಸೆಯುತ್ತಾರೆ. ಆಮೇಲೆ ಶವಾಗಾರದ ಬಾಗಿಲಲ್ಲಿ ನಿಂತು, "ಡಾಕ್ಟ್ರೇ, ನಿಜ ಹೇಳಿ" ಎನ್ನುತ್ತಾರೆ. ಒರೆಸಿದ್ದನ್ನು ನಾನು ಎಲ್ಲಿಂದ ತರಲಿ? ಜೀವವಿರಬಹುದು ಎನಿಸಿದರೂ ಎಲ್ಲ ಬಿಟ್ಟು ಆಸ್ಪತ್ರೆಗೆ ಓಡಿ, ಅದು ಮೊದಲು. ಸತ್ತಿರುವುದು ಖಚಿತವಾಗಿದ್ದರೆ ಬಾಗಿಲು ಮುಚ್ಚಿ ಪೊಲೀಸರಿಗೆ ತಿಳಿಸಿ. ಪಂಚನಾಮೆ ಮುಗಿಯುವವರೆಗೂ ಕೈ ಹಾಕಬೇಡಿ.

ವಿಷದ ಸಾವುಗಳ ಬಗ್ಗೆ ಹೇಳಬೇಕೆಂದಿದ್ದೆ, ಸಮಯ ಮೀರುತ್ತಿದೆ. ಇಷ್ಟು ನೆನಪಿಡಿ, ವಾಂತಿಯಾದ ಬಟ್ಟೆ ಒಗೆಯಬೇಡಿ, ಲೋಟ ತೊಳೆಯಬೇಡಿ, ಬಾಟಲಿಯನ್ನು ತಿಪ್ಪೆಗೆ ಎಸೆಯಬೇಡಿ. ಇದ್ದಲ್ಲೇ ಬಿಟ್ಟು ಪೊಲೀಸರಿಗೆ ತೋರಿಸಿ. ನಮಸ್ಕಾರ.