ರಂಗಮಂಚದ ನಟ ಕ್ಯಾಮೆರಾ ಮುಂದೆ ಎಡವೋದು ಎಲ್ಲಿ?

(ದೃಶ್ಯ: ಸಾಣೇಹಳ್ಳಿಯ ಬಯಲು ರಂಗಮಂದಿರ)

ನಮಸ್ಕಾರ. 'ಚೋಮನ ದುಡಿ'ಯ ಚೋಮನ ಪಾತ್ರ ಮಾಡಿದವರ ಹೆಸರು ಎಷ್ಟು ಜನಕ್ಕೆ ನೆನಪಿದೆ? ಎಂ.ವಿ. ವಾಸುದೇವರಾವ್. ಬಿ.ವಿ. ಕಾರಂತರ ಆ 1975ರ ಚಿತ್ರಕ್ಕೆ ಅವರಿಗೆ ಅತ್ಯುತ್ತಮ ನಟ ರಾಷ್ಟ್ರಪ್ರಶಸ್ತಿ ಬಂತು. 1973ರ 'ಕಾಡು' ಚಿತ್ರಕ್ಕೆ ನಂದಿನಿ ಭಕ್ತವತ್ಸಲ ಅತ್ಯುತ್ತಮ ನಟಿ. ಇಂಥ ಹೆಸರುಗಳನ್ನ ನಾವು ಮರೆತಿದ್ದು ದೊಡ್ಡ ಅನ್ಯಾಯ.

ಕಲಾತ್ಮಕ ಚಿತ್ರದವರು ಇವತ್ತಿಗೂ ರಂಗಭೂಮಿ ಕಡೆ ನೋಡ್ತಾರೆ. ಚಿತ್ರದುರ್ಗ, ದಾವಣಗೆರೆ ಕಡೆ ಅದಕ್ಕೆ ಕೊರತೆಯಿಲ್ಲ. ಸಾಣೇಹಳ್ಳಿಯ ನಾಟಕ ತಂಡ ಶಿವಸಂಚಾರ 1997ರಿಂದ ಊರೂರು ತಿರುಗಿ ನಾಟಕ ಆಡ್ತಿದೆ.

(ದೃಶ್ಯ: ಕಾಲರ್ ಮೈಕ್, ಹತ್ತಿರದಿಂದ)

ಮೊದಲ ತೊಡಕು ದನಿ. ಬಯಲಲ್ಲಿ ಕೊನೇ ಸಾಲಿಗೆ ಮಾತು ಮುಟ್ಟಿಸಿ ರೂಢಿಯಾದ ಗಂಟಲು, ಸಿಂಕ್ ಸೌಂಡ್‌ನಲ್ಲಿ, ಅಂದ್ರೆ ಚಿತ್ರೀಕರಣದ ಜೊತೆಗೇ ದನಿ ಮುದ್ರಿಸುವಾಗ, ಕಿರುಚಿದ ಹಾಗೆ ಕೇಳ್ತದೆ. ಮೈಕು ಎದೆ ಮೇಲೇ ಇರ್ತದೆ, ಪಕ್ಕದಲ್ಲಿ ಕೂತವರ ಜೊತೆ ಮಾತಾಡುವಷ್ಟು ದನಿ ಸಾಕು. ಗಂಜಿ ಹಾಕಿದ ಅಂಗಿ ಬೇಡ, ಅದರ ಸರಸರ ಮಾತಿನ ಮೇಲೇ ಕೂರ್ತದೆ. ಆದರೆ ದನಿ ಇಳಿಸುವಾಗ ಉಸಿರು ಇಳಿಸಬೇಡಿ, ವಾಕ್ಯದ ಕೊನೆಯ ಅಕ್ಷರ ನುಂಗಿಹೋಗ್ತದೆ.

ಎರಡನೇದು ಕಂಟಿನ್ಯುಟಿ, ಅಂದ್ರೆ ಒಂದು ಶಾಟ್‌ಗೂ ಇನ್ನೊಂದಕ್ಕೂ ಹೊಂದಿಕೆ. ದೂರದ ಶಾಟ್‌ನಲ್ಲಿ 'ಬರ್ತೀನಿ' ಅನ್ನೋ ಮಾತಿಗೆ ಬಲಗೈಲಿ ಚೊಂಬು ಎತ್ತಿದ್ರೆ, ಕ್ಲೋಸ್‌ಅಪ್‌ನಲ್ಲೂ ಅದೇ ಮಾತಿಗೆ, ಅದೇ ಕೈಲಿ ಎತ್ತಬೇಕು. ತಪ್ಪಿದ್ರೆ ಎಡಿಟರ್‌ಗೆ ಎರಡೂ ಜೋಡಿಸಕ್ಕಾಗಲ್ಲ, ನಿಮ್ಮ ಒಳ್ಳೇ ಟೇಕ್ ಹೋದಂಗೇ. ಸ್ಕ್ರಿಪ್ಟ್‌ನ ಪಕ್ಕದಲ್ಲಿ ಬರೆದಿಟ್ಕೊಳ್ಳಿ.

ಆಡಿಷನ್ ವಿಡಿಯೋ ಕಳಿಸುವಾಗ ಫೋನ್ ಅಡ್ಡ ಇಡಿ, ಕಣ್ಣಿನ ಮಟ್ಟಕ್ಕೆ. ಕಿಟಕಿ ನಿಮ್ಮ ಎದುರಿಗಿರಲಿ; ಬೆನ್ನ ಹಿಂದಿದ್ರೆ ಮುಖ ಕಪ್ಪಾಗ್ತದೆ. ಫ್ಯಾನ್ ಆರಿಸಿ. ಎದುರು ಪಾತ್ರದ ಮಾತು ಓದುವವರು ಫೋನಿಗೆ ಹತ್ತಿರ ಇರ್ತಾರಲ್ಲ, ಅವರು ಮೆತ್ತಗೆ ಓದ್ಬೇಕು. ಇನ್ನೊಂದು, ನಮ್ಮ ದಾವಣಗೆರೆ ಸೀಮೆ ಮಾತನ್ನ ಟಿ.ವಿ. ಕನ್ನಡಕ್ಕೆ ತಿದ್ದಬೇಡಿ. ಇಂಥ ಚಿತ್ರಗಳಲ್ಲಿ ಆ ಮಾತೇ ನಿಮ್ಮ ಬಂಡವಾಳ.

(ದೃಶ್ಯ: ಕರಾರು ಪತ್ರ)

ಇನ್ನು ಕರಾರು. ಚಿತ್ರೀಕರಣ ಎಷ್ಟು ದಿನ, ಡಬ್ಬಿಂಗ್ ಎಷ್ಟು ದಿನ, ಊಟ, ಬಸ್ ಖರ್ಚು ಯಾರದು, ಎಲ್ಲಾ ಬರವಣಿಗೆಯಲ್ಲಿರಲಿ. ನಟರು ಮರೆಯೋ ಸಾಲು ಒಂದಿದೆ: ನಿಮ್ಮ ದೃಶ್ಯದ ಒಂದೆರಡು ನಿಮಿಷದ ತುಣುಕು ನಿಮಗೆ ಕೊಡಬೇಕು ಅನ್ನೋದು. ಚಿತ್ರ ಚಿತ್ರೋತ್ಸವಗಳಲ್ಲೇ ತಿರುಗಿ ಥಿಯೇಟರ್‌ಗೆ ಬರದೇ ಉಳಿದ್ರೆ, ಮುಂದಿನ ನಿರ್ದೇಶಕರಿಗೆ ತೋರಿಸಕ್ಕೆ ನಿಮ್ಮ ಕೈಲಿರೋದು ಆ ತುಣುಕೊಂದೇ. ಬಿಡುಗಡೆಗೆ ಮೊದಲು ಹೊರಗೆ ಹಾಕಲ್ಲ ಅಂತ ನೀವೂ ಬರೆದು ಕೊಡಿ, ನಿರ್ಮಾಪಕರು ಒಪ್ಪೋದು ಸಲೀಸು.